ಬಿದನೂರಿನ ವಿಜಯವೂ ಮೈಸೂರಿನ ಯುದ್ಧನೌಕೆಗಳೂ

ಶಿವಮೊಗ್ಗ ಭದ್ರಾವತಿಗಳ ನದಿಗಳು ಪೂರ್ವಾಭಿಮುಖವಾಗಿ ಹರಿಯುತ್ತವೆ. ತುಂಗೆಯೂ ಭದ್ರೆಯೂ ಕೂಡಲಿಯಲ್ಲಿ ಸಂಗಮಿಸಿ, ಮುಂದೆ ಕೃಷ್ಣೆಯೊಡನೆ ಬೆರೆತು ಬಂಗಾಳ ಕೊಲ್ಲಿಯನ್ನು ಸೇರುತ್ತವೆ. ಆದುದರಿಂದ ಪಶ್ಚಿಮ ಸಮುದ್ರದ ನೌಕಾಬಲದ ಇತಿಹಾಸಕ್ಕೂ ಈ ಸೀಮೆಗೂ ಸಂಬಂಧವಿಲ್ಲವೆಂದು ವಿದ್ಯಾರ್ಥಿಗಳು ಭಾವಿಸುವುದು ಸಹಜವೇ. ಆದರೆ ಮೈಸೂರು ರಾಜ್ಯವು ಯುದ್ಧನೌಕೆಗಳನ್ನು ಕಟ್ಟಲು ತೊಡಗಿದುದು ಮಲೆನಾಡಿನ ಬಿದನೂರನ್ನು ಗೆದ್ದ ತರುವಾಯ. ಆ ನೌಕೆಗಳ ಬಾಳು ಹೇಗೆ ಸಾಗಿತು, ಏಕೆ ಅಷ್ಟು ಬೇಗನೆ ಮುಗಿಯಿತು ಎಂಬುದನ್ನು ಪ್ರಕೃತ ಲೇಖನದಲ್ಲಿ ವಿವೇಚಿಸುತ್ತೇವೆ.

ಇಂದಿನ ಹೊಸನಗರ ತಾಲ್ಲೂಕಿನ ನಗರವೇ ಅಂದಿನ ಬಿದನೂರು. ಕೆಳದಿಯ ಅರಸರು ಅಲ್ಲಿಂದ ಘಟ್ಟದ ಮೇಲನ್ನೂ ಕೆಳಗನ್ನೂ ಆಳಿದರು. ಹೊಸಂಗಡಿ ಘಟ್ಟದ ದಾರಿಯು ರಾಜಧಾನಿಯನ್ನು ಕುಂದಾಪುರ, ಬಸರೂರುಗಳ ಕಡೆಗೆ ಕೂಡಿಸುತ್ತಿತ್ತು. ಶಿವಪ್ಪನಾಯಕನು (1645–1660) ಕರಾವಳಿಯ ಕೋಟೆಗಳಿಂದ ಪೋರ್ಚುಗೀಸರನ್ನು ಹೊರದೂಡಿದನು. ಆದರೂ ಕಡಲ ಕಾವಲು ದುರ್ಬಲವಾಗಿಯೇ ಉಳಿಯಿತು. 1665ರಲ್ಲಿ ಶಿವಾಜಿಯು ಹಡಗುಗಳೊಡನೆ ಬಂದು ಬಸರೂರನ್ನು ಸುಲಿದನೆಂಬುದು ಇದಕ್ಕೆ ನಿದರ್ಶನ.

1763ರಲ್ಲಿ ಹೈದರಾಲಿಯು ರಾಣಿ ವೀರಮ್ಮಾಜಿಯಿಂದ ಬಿದನೂರನ್ನು ಕಸಿದುಕೊಂಡು ಅದಕ್ಕೆ ಹೈದರನಗರವೆಂದು ಹೆಸರಿಟ್ಟನು. ಬಿದನೂರಿನ ಐಶ್ವರ್ಯದೊಡನೆ ಹೊನ್ನಾವರ, ಮಂಗಳೂರುಗಳೂ ಅವನ ವಶವಾದುವು. ಒಳನಾಡಿನ ರಾಜ್ಯವೊಂದಕ್ಕೆ ಸಮುದ್ರದ ಬಾಗಿಲು ತೆರೆಯಿತು. ಅವನು ಕರಾವಳಿಯಲ್ಲಿ ಹಡಗುಕಟ್ಟೆಗಳನ್ನು ಸ್ಥಾಪಿಸಿದನು.

ನೌಕೆಗೆ ಬೇಕಾದ ಮರಕ್ಕೆ ಕೊರತೆಯಿರಲಿಲ್ಲ. ಸಹ್ಯಾದ್ರಿಯ ಸಾಗುವಾನಿಯಲ್ಲಿ ಸ್ವಾಭಾವಿಕವಾದ ಎಣ್ಣೆಯ ಅಂಶವಿದೆ. ಅದು ನೀರಿನಲ್ಲಿ ಬೇಗ ಕೊಳೆಯದು. ಅದರೊಳಗೆ ಹೊಡೆದ ಕಬ್ಬಿಣದ ಮೊಳೆಯೂ ಓಕ್ ಮರದಲ್ಲಿ ತುಕ್ಕು ಹಿಡಿಯುವಷ್ಟು ಶೀಘ್ರವಾಗಿ ಹಿಡಿಯದು. ಈ ಕರಾವಳಿಯ ಯುದ್ಧನೌಕೆಗಳಲ್ಲಿ ಗುರಾಬು ಮತ್ತು ಗಲಬತ್ತು ಮುಖ್ಯವಾದುವು. ಗುರಾಬು ಎರಡು ಅಥವಾ ಮೂರು ಹಾಯಿಕಂಬಗಳುಳ್ಳದ್ದು. ಮುಂದಕ್ಕೆ ಚಾಚಿದ ಚೂಪಾದ ಮೂತಿಯ ಮೇಲಿನಿಂದ ಫಿರಂಗಿ ಹಾರಿಸಬಹುದಾಗಿತ್ತು. ಗಲಬತ್ತು ಹಗುರವಾದುದು; ಗಾಳಿಯಿಲ್ಲದಾಗ ಹುಟ್ಟು ಹಾಕಿ ನಡೆಸಬಹುದಾದುದು. ಇವೆರಡೂ ಆಳವಿಲ್ಲದ ಅಳಿವೆಗಳಿಗೆ ಅನುಕೂಲವಾದುವು. ದೊಡ್ಡ ಹಡಗುಗಳಾದರೋ ಮರಳದಿಣ್ಣೆಗಳ ಕಾರಣ ಹೊರಗೇ ಲಂಗರು ಹಾಕಬೇಕಾಗುತ್ತಿತ್ತು.

ಕೊರತೆಯಿದ್ದುದು ಅಧಿಕಾರದ ವ್ಯವಸ್ಥೆಯಲ್ಲಿ. ವಿಲ್ಕ್ಸನು ತನ್ನ ಮೈಸೂರು ಚರಿತ್ರೆಯಲ್ಲಿ ಹೇಳುವಂತೆ, ಹೈದರನು ನೌಕಾಬಲದ ಮೇಲಧಿಕಾರವನ್ನು ಲುತ್ಫ್ ಅಲಿ ಬೇಗನೆಂಬ ಅಶ್ವದಳದ ಸರದಾರನಿಗೆ ಒಪ್ಪಿಸಿದನು. ಕಡಲನ್ನರಿತ ನಾಯಕರಿಗೆ ಇದು ಅಸಮಾಧಾನವನ್ನುಂಟುಮಾಡಿತು. 1768ರಲ್ಲಿ ಮುಂಬಯಿಯ ಇಂಗ್ಲಿಷ್ ಪಡೆಯು ಹೊನ್ನಾವರದ ಎದುರು ಕಾಣಿಸಿಕೊಂಡಾಗ, ಎರಡು ಹಡಗು, ಎರಡು ಗುರಾಬು, ಹತ್ತು ಗಲಬತ್ತುಗಳುಳ್ಳ ಮೈಸೂರಿನ ನೌಕಾದಳವು ಕಾದಾಡದೆಯೇ ಶತ್ರುವಿನ ಪಕ್ಷವನ್ನು ಸೇರಿತು. ಮಂಗಳೂರನ್ನು ಅದೇ ವರ್ಷ ಹೈದರನು ಮರಳಿ ಪಡೆದನು. ಕಳೆದುಹೋದ ನೌಕೆಗಳ ಸ್ಥಾನದಲ್ಲಿ ಹೊಸವನ್ನು ಕಟ್ಟಿಸಬೇಕಾಯಿತು.

ಎರಡನೆಯ ನೌಕಾದಳದ ಅಂತ್ಯವೂ ಬಂದರಿನಲ್ಲಿಯೇ ಆಯಿತು. 1780ರ ಡಿಸೆಂಬರ್ 8ರಂದು ಅಡ್ಮಿರಲ್ ಎಡ್ವರ್ಡ್ ಹ್ಯೂಸನು ಮಂಗಳೂರಿನ ಮುಂದೆ ಲಂಗರು ಹಾಕಿದ್ದ ಹೈದರನ ನೌಕೆಗಳನ್ನು ನಾಶಗೊಳಿಸಿದನು. ಆಗ ಹೈದರನು ತನ್ನ ಮುಖ್ಯ ಸೈನ್ಯದೊಡನೆ ಕರ್ಣಾಟಿಕ್ ಪ್ರಾಂತದಲ್ಲಿದ್ದನು.

ಇಂಗ್ಲಿಷರ ನೌಕಾಶಕ್ತಿಯ ಹಿರಿಮೆಯೇ ಮೈಸೂರಿನ ಸೋಲಿಗೆ ಕಾರಣವೆಂದು ಹೇಳುವುದುಂಟು. 1780ರ ಘಟನೆಗೆ ಈ ಮಾತು ಸಲ್ಲುತ್ತದೆ. 1768ರ ಘಟನೆಗೆ ಸಲ್ಲದು. ಅಲ್ಲಿ ಶಕ್ತಿಪರೀಕ್ಷೆಯೇ ನಡೆಯಲಿಲ್ಲ. ನೌಕೆಯನ್ನು ಕಟ್ಟುವ ಬಡಗಿಯೂ ನಡೆಸುವ ನಾವಿಕನೂ ರಾಜ್ಯಕ್ಕೆ ದೊರೆತಿದ್ದರು. ಅವರ ನಿಷ್ಠೆಯನ್ನು ಉಳಿಸಿಕೊಳ್ಳುವ ಕ್ರಮವು ಇನ್ನೂ ರೂಪುಗೊಂಡಿರಲಿಲ್ಲವೆಂದು ನಾವು ಭಾವಿಸುತ್ತೇವೆ.

ಟಿಪ್ಪು ಸುಲ್ತಾನನ 1796ರ ನಿಯಮಾವಳಿಯನ್ನು ಈ ದೃಷ್ಟಿಯಿಂದ ಓದಬೇಕು. ಅದರಂತೆ ರಾಜಧಾನಿಯಲ್ಲಿ 11 ಮಂದಿ ಮೀರ್ ಯಮ್ ಎಂಬ ಅಧಿಕಾರಿಗಳು, ಅವರ ಕೈಕೆಳಗೆ ಕಡಲಿನಲ್ಲಿ 30 ಮಂದಿ ಮೀರ್ ಬಹರ್‌ಗಳು ಇರತಕ್ಕದ್ದು. 20 ದೊಡ್ಡ ಯುದ್ಧನೌಕೆಗಳು, 20 ಫ್ರಿಗೇಟುಗಳು, ಒಟ್ಟು 10,520 ಮಂದಿ ಸಿಬ್ಬಂದಿ ಎಂದು ಅದರಲ್ಲಿ ಗೊತ್ತುಪಡಿಸಲಾಗಿತ್ತು. ನೌಕಾಬಲಕ್ಕೆ ಅಶ್ವದಳದಿಂದ ಪ್ರತ್ಯೇಕವಾದ ಅಧಿಕಾರಶ್ರೇಣಿಯು ಹೀಗೆ ವಿಧಿತವಾಯಿತು. ಆದರೆ ಕಾಲವು ಮೀರಿತ್ತು. 1792ರ ಒಪ್ಪಂದದಿಂದ ಅರ್ಧ ರಾಜ್ಯವು ಕೈಬಿಟ್ಟಿತ್ತು. 1799ರ ಮೇ 4ರಂದು ಶ್ರೀರಂಗಪಟ್ಟಣವು ಬಿದ್ದಿತು. ನಲವತ್ತು ನೌಕೆಗಳ ಆ ಯೋಜನೆಯು ಪೂರ್ಣಗೊಳ್ಳಲಿಲ್ಲ.

ಮರದ ಕಥೆ ಮಾತ್ರ ಅಲ್ಲಿಗೆ ಮುಗಿಯಲಿಲ್ಲ. 1806ರಲ್ಲಿ ಕಂಪನಿಯು ಮಲಬಾರಿನ ಸಾಗುವಾನಿಯನ್ನು ನೌಕಾಬಲಕ್ಕೆ ಒದಗಿಸುವ ಸಲುವಾಗಿ ಕ್ಯಾಪ್ಟನ್ ವ್ಯಾಟ್ಸನನನ್ನು ಅರಣ್ಯಾಧಿಕಾರಿಯನ್ನಾಗಿ ನೇಮಿಸಿತು. ಮುಂಬಯಿಯಲ್ಲಿ ವಾಡಿಯಾ ಮನೆತನದವರು ಮಲಬಾರ್ ಸಾಗುವಾನಿಯಿಂದ ಕಟ್ಟಿದ ‘ಟ್ರಿಂಕೋಮಲಿ’ ಎಂಬ ಫ್ರಿಗೇಟು 1817ರ ಅಕ್ಟೋಬರ್ 12ರಂದು ನೀರಿಗಿಳಿಯಿತು. ಅದು ಇಂದಿಗೂ ಇಂಗ್ಲೆಂಡಿನ ಹಾರ್ಟಲ್‌ಪೂಲ್‌ನಲ್ಲಿ ತೇಲುತ್ತಿದೆ. ಸಹ್ಯಾದ್ರಿಯ ಮರವು ಯುದ್ಧನೌಕೆಗೆ ಎಷ್ಟು ಯೋಗ್ಯವೆಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ. ಭದ್ರಾವತಿಯ ಕಬ್ಬಿಣದ ಕಾರ್ಖಾನೆಯು 1923ರಲ್ಲಿ ಉತ್ಪಾದನೆಗೆ ತೊಡಗುವ ವೇಳೆಗೆ ಯುದ್ಧನೌಕೆಗಳು ಉಕ್ಕಿನವಾಗಿದ್ದುವು. ಮಲೆನಾಡಿನ ಮರವು ಅಲ್ಲಿ ಇದ್ದಲಾಗಿ ಕಬ್ಬಿಣವನ್ನು ಕರಗಿಸುತ್ತಿತ್ತು.

ಒಂದೇ ಬೆಟ್ಟಸಾಲಿನ ಸಾಗುವಾನಿಯಿಂದ ಒಬ್ಬರ ನೌಕೆ ಇನ್ನೂರು ವರ್ಷ ಬಾಳಿತು. ಇನ್ನೊಬ್ಬರವು ಐದು ವರ್ಷದಲ್ಲಿಯೇ ಪರರ ಪಾಲಾದುವು. ಈ ಅಂತರಕ್ಕೆ ಉತ್ತರವನ್ನು ಕಾಡಿನಲ್ಲಾಗಲಿ ಕಡಲಿನಲ್ಲಾಗಲಿ ಅರಸಿದರೆ ಸಾಲದು. ಆಡಳಿತದ ಚರಿತ್ರೆಯಲ್ಲಿ ಅರಸಬೇಕು. ಬಿದನೂರಿನ ಇತಿಹಾಸವನ್ನು ಅಭ್ಯಸಿಸುವವರು ಘಟ್ಟದ ಮೇಲಿನ ರಾಜ್ಯಾಡಳಿತವನ್ನೂ ಕೆಳಗಿನ ಬಂದರನ್ನೂ ಒಟ್ಟಿಗೆ ಪರಿಶೀಲಿಸಬೇಕೆಂಬುದು ನಮ್ಮ ಅಭಿಪ್ರಾಯ.