ಬೆಳ್ಳಿಯ ಕತೆಯನ್ನು ಬೆಳ್ಳಿಯೇ ಹೇಳಲಿ

1972ರಲ್ಲಿ ಮುಂಬಯಿಯ ದಲಿತ ಯುವಕರು ಅಮೆರಿಕದ ಬ್ಲ್ಯಾಕ್ ಪ್ಯಾಂಥರ್ ಪಕ್ಷದ ಹೆಸರು ತಂದು ದಲಿತ ಪ್ಯಾಂಥರ್ ಕಟ್ಟಿದರು. ಆ ಕಿಚ್ಚು ಕರ್ನಾಟಕಕ್ಕೂ ಹಬ್ಬಿತು. ಕಡೂರು, ತರೀಕೆರೆ, ಅಜ್ಜಂಪುರದ ಹುಡುಗರಾದ ನಮಗೆ ಕಪ್ಪು ಗಂಡಸರು ಎತ್ತಿದ ಮುಷ್ಟಿ ಗೊತ್ತು. ಕಪ್ಪು ಹೆಂಗಸರು ಹಿಡಿದ ಕ್ಯಾಮೆರಾ ಗೊತ್ತಾ?

ನಮ್ಮ ಸಿನಿಮಾದಲ್ಲಿ ದಲಿತ ಹೆಣ್ಣು ಇರಲಿಲ್ಲ ಅಂತಲ್ಲ. ಶಿವರಾಮ ಕಾರಂತರ ಕಾದಂಬರಿಯಿಂದ ಬಿ.ವಿ. ಕಾರಂತರು 1975ರಲ್ಲಿ 'ಚೋಮನ ದುಡಿ' ಮಾಡಿದರು. ಸ್ವರ್ಣಕಮಲ ಬಂತು. ದೊಡ್ಡ ಚಿತ್ರ, ಒಪ್ಪೋಣ. ಅದರಲ್ಲಿ ಚೋಮನ ಮಗಳು ಬೆಳ್ಳಿ ಅಪ್ಪನ ಸಾಲ ತೀರಿಸಲು ಘಟ್ಟದ ಕಾಫಿ ತೋಟಕ್ಕೆ ಹೋಗುತ್ತಾಳೆ. ಅಂಥ ತೋಟಗಳು ನಮ್ಮ ಜಿಲ್ಲೆಗೆ ಹೊಸವಲ್ಲ. ಅಲ್ಲಿ ಅವಳ ಮೈಯೇ ಸಾಲಕ್ಕೆ ಜಮೆ. ಆದರೆ ಕೊನೆಗೆ ದುಡಿ ಬಾರಿಸುತ್ತಾ ಸಾಯುವವನು ಚೋಮ. ನೋಡಿದವರು ಅತ್ತಿದ್ದು ಅಪ್ಪನಿಗೆ. ಬೆಳ್ಳಿಗೆ ಏನನ್ನಿಸಿತು?

ಈ ಪ್ರಶ್ನೆ ಕೇಳಿದವರೂ ಇದ್ದರು. 1980ರಲ್ಲಿ ಬೆಂಗಳೂರಲ್ಲಿ ದೀಪಾ ಧನರಾಜ್, ಅಭಾ ಭೈಯಾ, ಮೀರಾ ರಾವ್, ನವರೋಜ್ ಕಾಂಟ್ರಾಕ್ಟರ್ ಸೇರಿ 'ಯುಗಾಂತರ್' ಅನ್ನೋ ತಂಡ ಕಟ್ಟಿದರು. ನಿಪ್ಪಾಣಿಯ ತಂಬಾಕು ಕಾರ್ಖಾನೆಯ ಹೆಂಗಸರ ಜೊತೆ ನಾಲ್ಕು ತಿಂಗಳು ಕಳೆದರು. ಏನು ತೋರಿಸಬೇಕು, ಹೇಗೆ ತೋರಿಸಬೇಕು ಅಂತ ಅವರ ಜೊತೆಗೇ ಚರ್ಚಿಸಿದರು. 1982ರಲ್ಲಿ 'ತಂಬಾಖೂ ಚಾಕಿಲಾ ಊಬ್ ಆಲಿ' ಎಂಬ ಮರಾಠಿ ಚಿತ್ರ ಬಂತು. ತಂಬಾಕಿನ ಧೂಳು ಕುಡಿದ ಬಾಯಿಗಳೇ ಅದರಲ್ಲಿ ಕೂಲಿಯ ಮಾತು, ಸಂಘದ ಮಾತು ಆಡಿದವು.

ಅದೇ 1982. ಅಮೆರಿಕದಲ್ಲಿ ಕ್ಯಾಥ್ಲೀನ್ ಕಾಲಿನ್ಸ್ ಎಂಬ ಕಪ್ಪು ಹೆಂಗಸು 'ಲೂಸಿಂಗ್ ಗ್ರೌಂಡ್' ಚಿತ್ರ ಮಾಡಿದಳು. ಅದರ ನಾಯಕಿ ತತ್ವಶಾಸ್ತ್ರ ಕಲಿಸುವ ಕಪ್ಪು ಪ್ರಾಧ್ಯಾಪಕಿ. ಕಪ್ಪು ಹೆಣ್ಣು ಅಂದರೆ ಬರೀ ಗೋಳಲ್ಲ, ಯೋಚಿಸುವ ತಲೆಯೂ ಹೌದು! ಅವಳು ಬದುಕಿದ್ದಾಗ ಚಿತ್ರಮಂದಿರಗಳು ಅದಕ್ಕೆ ಬಾಗಿಲು ತೆರೆಯಲಿಲ್ಲ. 1988ರಲ್ಲಿ ತೀರಿಕೊಂಡಳು, ಚಿತ್ರ ಬಿಡುಗಡೆಯಾಗಿದ್ದು 2015ರಲ್ಲಿ. ಅಮೆರಿಕದ ಕಪ್ಪು ಹೆಂಗಸೊಬ್ಬಳು ನಿರ್ದೇಶಿಸಿದ ಕಥಾಚಿತ್ರ ಅಲ್ಲಿನ ಚಿತ್ರಮಂದಿರಗಳಲ್ಲಿ ಸಾರ್ವತ್ರಿಕವಾಗಿ ತೆರೆಕಂಡಿದ್ದು ಜೂಲಿ ಡ್ಯಾಶ್‌ಳ 1991ರ ಚಿತ್ರ 'ಡಾಟರ್ಸ್ ಆಫ್ ದ ಡಸ್ಟ್' ಮೂಲಕ. ಆ ಹೊತ್ತಿಗೆ ಸಿನಿಮಾಕ್ಕೆ ಹತ್ತಿರಹತ್ತಿರ ನೂರು ವರ್ಷ.

ಈ ಚರಿತ್ರೆ ನಮಗೆ ಹೇಳುವುದಿಷ್ಟೆ: ನಮ್ಮ ಬಗ್ಗೆ ಸಿನಿಮಾ ಬಂದರೆ ಸಾಲದು, ಕ್ಯಾಮೆರಾ ಯಾರ ಕೈಲಿದೆ, ಮಾತು ಯಾರದು ಅಂತಲೂ ಕೇಳಬೇಕು. ಅಂದು ರೀಲಿಗೆ ದುಡ್ಡಿಲ್ಲ ಅನ್ನಬಹುದಿತ್ತು. ಇಂದು ಫೋನಿನಲ್ಲೇ ಕ್ಯಾಮೆರಾ ಇದೆ. ತರೀಕೆರೆಯಲ್ಲಿ ಅಡಿಕೆ ಸುಲಿಯುವ, ಅಜ್ಜಂಪುರದಲ್ಲಿ ಈರುಳ್ಳಿ ಕೀಳುವ ನಮ್ಮ ಅವ್ವಂದಿರಿಗೆ, ಅಕ್ಕಂದಿರಿಗೆ ಹೇಳೋಕೆ ಕತೆ ಇಲ್ಲವಾ? ಮೇಷ್ಟ್ರೇ, ನಿಮ್ಮ ಶಾಲೆಯ ಹೆಣ್ಣುಮಕ್ಕಳ ಕೈಗೆ ಕ್ಯಾಮೆರಾ ಕೊಡಿ. ಹೋರಾಟದ ವೇದಿಕೆ ತುಂಬಿಕೊಂಡಿರುವ ಗಂಡಸರಾದ ನಾವೂ ಸ್ವಲ್ಪ ಪಕ್ಕಕ್ಕೆ ಸರಿಯೋಣ.