ಮಲೆನಾಡಿನ ಮನೆಗಳೂ ಚಲನಚಿತ್ರದ ಕಲಾನಿರ್ದೇಶನವೂ

1934ರ ‘ಸತಿ ಸುಲೋಚನ’ದಿಂದ ಮೊದಲ್ಗೊಂಡು ಸುಮಾರು ಮೂರು ದಶಕಗಳ ಕಾಲ ಕನ್ನಡ ಚಲನಚಿತ್ರದ ಅರಮನೆ, ಅರಣ್ಯ, ಋಷ್ಯಾಶ್ರಮಗಳು ಬಹುಮಟ್ಟಿಗೆ ನಾಟಕ ಕಂಪನಿಗಳ ಬಣ್ಣದ ಪರದೆಗಳ ವಂಶಕ್ಕೆ ಸೇರಿದವಾಗಿದ್ದು, ಸ್ಟುಡಿಯೋಗಳಲ್ಲಿ ಮರದ ಚೌಕಟ್ಟಿನ ಮೇಲೆ ಎದ್ದು, ಚಿತ್ರೀಕರಣ ಮುಗಿದೊಡನೆ ಕಳಚಿಹೋಗುತ್ತಿದ್ದವು. ಅಮೆರಿಕದಲ್ಲಿ 1939ರಷ್ಟು ಹಿಂದೆಯೇ ‘ಗಾನ್ ವಿತ್ ದ ವಿಂಡ್’ ಚಿತ್ರಕ್ಕೆ ದುಡಿದ ವಿಲಿಯಂ ಕ್ಯಾಮರಾನ್ ಮೆಂಜೀಸನಿಗೆ ‘ಪ್ರೊಡಕ್ಷನ್ ಡಿಸೈನರ್’ ಎಂಬ ಅಭಿಧಾನವು ಸಂದಿತ್ತು. ನಮ್ಮಲ್ಲಿ ಆ ಕಾರ್ಯವನ್ನು ನಿರ್ವಹಿಸಿದವನು ಕಲಾನಿರ್ದೇಶಕನೇ.

ಕಟ್ಟಿದ ಸೆಟ್ಟನ್ನು ಬಿಟ್ಟು ಇದ್ದ ಊರನ್ನೇ ರಂಗಭೂಮಿಯನ್ನಾಗಿಸುವ ಮಹತ್ತ್ವದ ಪ್ರಯೋಗವೊಂದು ನಾರ್ವೆ, ಕೊಪ್ಪ, ಶೃಂಗೇರಿ, ನರಸಿಂಹರಾಜಪುರಗಳ ಈ ಸೀಮೆಯಲ್ಲಿಯೇ ನಡೆಯಿತೆಂಬುದನ್ನು ನಾವು ಅಭಿಮಾನದಿಂದ ನೆನೆಯತಕ್ಕದ್ದು. ಅನಂತಮೂರ್ತಿಯವರ ಕಾದಂಬರಿಯನ್ನಾಧರಿಸಿ ಪಟ್ಟಾಭಿರಾಮ ರೆಡ್ಡಿಯವರು ನಿರ್ದೇಶಿಸಿದ ‘ಸಂಸ್ಕಾರ’ವು ಮುಖ್ಯವಾಗಿ ಶೃಂಗೇರಿಯ ಬಳಿಯ ವೈಕುಂಠಪುರದಲ್ಲಿ ಚಿತ್ರಿತವಾಯಿತು. ಆಸ್ಟ್ರೇಲಿಯದ ಟಾಮ್ ಕೋವನ್ ಛಾಯಾಗ್ರಾಹಕರು. ಕಲಾನಿರ್ದೇಶಕರು ಚೋಳಮಂಡಲ ಕಲಾಗ್ರಾಮದ ಚಿತ್ರಕಾರ ಎಸ್. ಜಿ. ವಾಸುದೇವ್. 1970ರ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿಯನ್ನು ಪಡೆದ ಈ ಕೃತಿಯಲ್ಲಿ ಅಗ್ರಹಾರವು ಕಥೆಯ ಹಿನ್ನೆಲೆಯಲ್ಲ, ಕಥೆಯ ಪಾತ್ರವೇ ಆಗಿದೆ.

‘ಸಂಸ್ಕಾರ’ದಂತಹ ಕಪ್ಪುಬಿಳುಪಿನ ಚಿತ್ರದಲ್ಲಿ ಬಣ್ಣವು ಬಣ್ಣವಾಗಿ ನಿಲ್ಲದೆ ನೆರಳು ಬೆಳಕುಗಳ ತಾರತಮ್ಯವಾಗಿ ಪರಿಣಮಿಸುವುದರಿಂದ, ಮಲೆನಾಡಿನ ಮನೆಯ ಒಳಾಂಗಣವು ಕಲಾವಿದನಿಗೆ ಎಂತಹ ಸಂಪತ್ತೆಂಬುದನ್ನು ಬಿಡಿಸಿ ಹೇಳಬೇಕಾಗಿದೆ. ತಲೆಮಾರುಗಳ ಕೈಸ್ಪರ್ಶದಿಂದ ನುಣುಪಾದ ಜಗಲಿಯ ಕಂಬ, ಒಲೆಯ ಹೊಗೆಯಿಂದ ಮಸಿಯೇರಿದ ಅಟ್ಟದ ತೊಲೆ, ಸಗಣಿ ಸಾರಿಸಿದ ನೆಲ, ಹೆಂಚಿನ ಸಂದಿನಿಂದ ಕೋಲಿನಂತೆ ಇಳಿಯುವ ಬಿಸಿಲು: ಇವನ್ನು ಬಡಗಿಯೂ ಬಣ್ಣಗಾರನೂ ಒಂದು ವಾರದಲ್ಲಿ ಸೃಷ್ಟಿಸಲಾರರು. ಇಲ್ಲಿ ಕಲಾನಿರ್ದೇಶಕನ ಜಾಣ್ಮೆಯಿರುವುದು ಕಟ್ಟುವುದರಲ್ಲಿ ಅಷ್ಟಾಗಿಯಲ್ಲ, ಆರಿಸುವುದರಲ್ಲಿ. ಕಾಲಕ್ಕೊಪ್ಪದ ಕ್ಯಾಲೆಂಡರು, ತಂತಿ, ಬಲ್ಬುಗಳನ್ನು ಗುರುತಿಸಿ ತೆಗೆದುಹಾಕುವುದರಲ್ಲಿ. ಹೀಗೆ ತೆಗೆದುಹಾಕಿದ ಶ್ರಮವು ಪ್ರೇಕ್ಷಕನ ಕಣ್ಣಿಗೆ ಬೀಳದಿರುವುದರಿಂದಲೇ ಅದಕ್ಕೆ ಸಲ್ಲಬೇಕಾದ ಮನ್ನಣೆ ಸಂದಿಲ್ಲವೆಂದು ನನ್ನ ದೃಢವಾದ ಅಭಿಪ್ರಾಯ.

ಒಂದೂವರೆ ದಶಕದ ತರುವಾಯ ಶಂಕರನಾಗ್ ಅವರು ಕಿರುತೆರೆಯ ಧಾರಾವಾಹಿಗಾಗಿ ಆರ್. ಕೆ. ನಾರಾಯಣರ ಕಾಲ್ಪನಿಕ ಮಾಲ್ಗುಡಿಯನ್ನು ಘಟ್ಟದ ತುದಿಯ ಆಗುಂಬೆಯಲ್ಲಿ ಕಂಡುಕೊಂಡಾಗ, ಕಲಾನಿರ್ದೇಶಕ ಜಾನ್ ದೇವರಾಜರ ಕೆಲಸವೂ ನೆಲೆಯೂರಿದ್ದು ಆ ಊರಿನ ಹಳೆಯ ಬೀದಿಮನೆಗಳ ಮೇಲೆಯೇ.

ಇಂದು ಆ ಬಗೆಯ ಮನೆಗಳು ಒಂದೊಂದಾಗಿ ಕಾಂಕ್ರೀಟಿಗೆ ಎಡೆಗೊಡುತ್ತಿವೆ. ಬಿಚ್ಚುವ ಮುನ್ನ ಅಂಕಣಗಳ ಅಳತೆಯನ್ನು ತೆಗೆದು, ಕಂಬ ಬಾಗಿಲುಗಳ ನಕ್ಷೆಯನ್ನೂ ಛಾಯಾಚಿತ್ರಗಳನ್ನೂ ಊರಿನ ಶಾಲೆಯಲ್ಲೋ ಗ್ರಂಥಾಲಯದಲ್ಲೋ ಇರಿಸುವ ಕೆಲಸವನ್ನು ನಾರ್ವೆಯ ಸುತ್ತಲಿನ ಮನೆಯೊಡೆಯರೂ ತರುಣರೂ ಈಗಲೇ ಕೈಗೊಳ್ಳಬೇಕೆಂದು ವಿಜ್ಞಾಪಿಸಿಕೊಳ್ಳುತ್ತೇನೆ.