ನಾವು ಕಾಣದ ಬೆಂಕಿ

ಕುವೈತಿನ ಎಣ್ಣೆಬಾವಿಗಳು ಉರಿದದ್ದನ್ನು ಕಣ್ಣಾರೆ ಕಂಡೆವೆನ್ನುವ ಹಿರಿಯರು ನಮ್ಮ ಕರಾವಳಿಯವರಲ್ಲಿ ಇದ್ದಾರೆ. ಲೆಕ್ಕ ಹಾಕಿದರೆ ತಾಳೆಯಾಗುವುದಿಲ್ಲ. ಇರಾಕಿನ ಸೇನೆ ಇಲ್ಲಿಗೆ ನುಗ್ಗಿದ್ದು 1990ರ ಆಗಸ್ಟ್ 2ರಂದು. ಒಂದು ಲಕ್ಷಕ್ಕೂ ಮಿಕ್ಕ ಭಾರತೀಯರನ್ನು ಅಮ್ಮಾನಿನಿಂದ ಊರಿಗೆ ತಲುಪಿಸಿದ ಏರ್ ಇಂಡಿಯಾ ವಿಮಾನಗಳ ಓಡಾಟ ಅದೇ ಅಕ್ಟೋಬರಿನಲ್ಲಿ ಮುಗಿಯಿತು. ಸೋತ ಸೈನಿಕರು ಹಿಮ್ಮೆಟ್ಟುತ್ತ 600ಕ್ಕೂ ಹೆಚ್ಚು ಬಾವಿಗಳಿಗೆ ಬೆಂಕಿಯಿಟ್ಟದ್ದು 1991ರ ಆರಂಭದಲ್ಲಿ. ಕೊನೆಯದು ಆರಿದ್ದು ಆ ನವೆಂಬರ್ 6ರಂದು. ಅಷ್ಟರಲ್ಲಿ ನಮ್ಮವರಲ್ಲಿ ಬಹುಪಾಲು ಜನ ಊರಿನಲ್ಲಿ ಕೂತು, ಮುಂದೇನೆಂದು ಯೋಚಿಸುತ್ತಿದ್ದರು.

ಹಾಗಾದರೆ ಸುಳ್ಳೇ? ಅಲ್ಲ. ಅವರು ಕಂಡದ್ದು ಟಿವಿಯಲ್ಲಿ.

ಈ ಪ್ರಶ್ನೆ ನನಗೆ ಹೊಳೆದದ್ದು ಕುವೈತಿನ ಕಲಾವಿದೆ ಮುನೀರಾ ಅಲ್ ಖಾದಿರಿಯವರ 'ಬಿಹೈಂಡ್ ದಿ ಸನ್' ಎಂಬ 2013ರ ವಿಡಿಯೊ ಕೃತಿಯಿಂದ. 1983ರಲ್ಲಿ ಹುಟ್ಟಿದ ಆಕೆ ಯುದ್ಧದ ಕಾಲಕ್ಕೆ ಸಣ್ಣ ಹುಡುಗಿ. ಅದೇ ಬೆಂಕಿಯ ಮೇಲೆ ಜರ್ಮನಿಯ ವರ್ನರ್ ಹರ್ಜಾಗ್ 1992ರಲ್ಲೇ ಚಿತ್ರ ತೆಗೆದಿದ್ದರು: ಹೆಲಿಕಾಪ್ಟರಿನಿಂದ ಕಂಡ ನೋಟ, ಹಿನ್ನೆಲೆಗೆ ವಾಗ್ನರನ ಸಂಗೀತ, ನಾಡಿನ ಹೆಸರೂ ಇಲ್ಲದ ಯಾವುದೋ ಅನ್ಯಗ್ರಹ. ಭವ್ಯವೇನೋ ಹೌದು. ಆದರೆ ಅಲ್ಲಿ ಮನೆಮಠ ಇದ್ದವರಿಗೆ ಅದು ಅನ್ಯಗ್ರಹವಲ್ಲ. ಮುನೀರಾ ಬಳಸಿದ್ದು ನೆಲದ ಮೇಲೆ ನಿಂತು ತೆಗೆದ ಹವ್ಯಾಸಿ ವಿಎಚ್‌ಎಸ್ ಟೇಪುಗಳನ್ನು. ಅದಕ್ಕೆ ಹಳೆಯ ಧಾರ್ಮಿಕ ಟಿವಿ ಕಾರ್ಯಕ್ರಮಗಳ ಅರಬ್ಬಿ ಕಾವ್ಯವಾಚನವನ್ನು ಜೋಡಿಸಿದರು. ಹೂವು, ಜಲಪಾತಗಳ ದೃಶ್ಯಕ್ಕೆ ಹೊಂದುತ್ತಿದ್ದ ಆ ಪ್ರಕೃತಿಸ್ತುತಿ ಇಲ್ಲಿ ಕಪ್ಪು ಹೊಗೆಯ ಮೇಲೆ ಕೇಳುತ್ತದೆ. ಒಂದೇ ಬೆಂಕಿ, ಎರಡು ಕ್ಯಾಮೆರಾ, ಎರಡು ಲೋಕ.

ನಮ್ಮ ಪಾಲಿಗೆ ಮೂರನೆಯದೂ ಬಂತು, 2016ರ ಹಿಂದಿ ಚಿತ್ರ 'ಏರ್‌ಲಿಫ್ಟ್'. ಅದರ ನಾಯಕ ಕಲ್ಪಿತ ವ್ಯಕ್ತಿ. ಆದರೂ ಇಲ್ಲಿ ಹುಟ್ಟಿದ ನಮ್ಮ ಮಕ್ಕಳಿಗೆ 1990 ಎಂದರೆ ಅಕ್ಷಯ್ ಕುಮಾರ್. ನನಗೆ ಇದು ಸ್ವಲ್ಪ ಬೇಸರದ ಸಂಗತಿಯೇ; ಬಾಗ್ದಾದ್ ದಾಟಿ, ಗಡಿಯ ಮರಳಿನಲ್ಲಿ ನೀರಿಗಾಗಿ ಸಾಲು ನಿಂತವರು ಇನ್ನೂ ನಮ್ಮೊಡನೆ ಇರುವಾಗ.

ಹಾಗೆ ನಿಂತ ಹಿರಿಯರೊಬ್ಬರಿಗೆ ಒಂದು ಶುಕ್ರವಾರ ಮುನೀರಾರ ವಿಡಿಯೊದ ತುಣುಕನ್ನು ಮೊಬೈಲಿನಲ್ಲಿ ತೋರಿಸಿದೆ. ಕೆಂಪು ಜ್ವಾಲೆಗಳನ್ನು ತುಂಬ ಹೊತ್ತು ನೋಡಿದರು.

"ಇದಲ್ಲ ಮಾರಾಯ," ಎಂದರು. "ನಾನು ನೋಡಿದ ಬೆಂಕಿ ಬೆಳ್ಳಗಿತ್ತು."

1991ರಲ್ಲಿ ಅವರ ನೆರೆಮನೆಯಲ್ಲಿ ಇದ್ದದ್ದು ಕಪ್ಪು-ಬಿಳುಪು ಟಿವಿ.